ಸೋಮವಾರ ಹತ್ತು ಗಂಟೆಯ ವಿಡಿಯೊ

ಮಳೆಗಾಲದಲ್ಲಿ ನಮ್ಮ ಗ್ರಂಥಾಲಯದೊಳಗೆ ಧ್ವನಿ ಮುದ್ರಿಸುವುದೆಂದರೆ ಮಾಡಿನೊಡನೆ ಜಗಳಕ್ಕೆ ನಿಂತ ಹಾಗೆ. ಓದುವ ಕೋಣೆಗೆ ಹೊದೆಸಿರುವುದು ತಗಡಿನ ಶೀಟು. ಮಳೆ ಜೋರಾದರೆ ಎದುರು ಕೂತವರ ಮಾತೂ ಕೇಳುವುದಿಲ್ಲ. ಹಾಗಾಗಿ ನಾನೂ ನನ್ನ ಸಹಾಯಕಿಯೂ ಆ ಜೂನ್‌ನಲ್ಲಿ ಮೊದಲು ಮಾಡಿದ ಕೆಲಸ, ಕಟ್ಟಡದಲ್ಲಿ ಎಲ್ಲಿ ಸದ್ದು ಕಡಿಮೆ ಎಂದು ಹುಡುಕಿದ್ದು. ಫೋನಿನಲ್ಲಿ ರೆಕಾರ್ಡಿಂಗ್ ಹಾಕಿಕೊಂಡು ಒಂದೊಂದು ಮೂಲೆಯಲ್ಲೂ ನಿಂತು ಒಂದೇ ವಾಕ್ಯ ಹೇಳಿ, ಆಮೇಲೆ ಕೂತು ಕೇಳಿ ನೋಡಿದೆವು. ಕೊನೆಗೆ ಸಿಕ್ಕಿದ್ದು ಹಿಂದಿನ ಕೋಣೆಯ ಎರಡು ಕಪಾಟುಗಳ ನಡುವಿನ ಕಿರಿದಾದ ಜಾಗ. ಅಲ್ಲಿ ಮೇಲೆ ಕಾಂಕ್ರೀಟ್ ಇತ್ತು. ಎರಡೂ ಬದಿಗೆ ಹಳೆಯ ನಿಯತಕಾಲಿಕೆಗಳನ್ನು ಬೈಂಡ್ ಮಾಡಿಸಿಟ್ಟ ದಪ್ಪ ಸಂಪುಟಗಳು. ಯಾರೂ ತೆಗೆದು ನೋಡದ ಆ ಸಂಪುಟಗಳು ಸದ್ದನ್ನು ಚೆನ್ನಾಗಿ ಹೀರಿಕೊಳ್ಳುತ್ತಿದ್ದವು.

ವಿಡಿಯೊ ಮಾಡುವ ಯೋಚನೆ ಬಂದಿದ್ದಕ್ಕೆ ಕಾರಣ ಬಸ್ಸು. ನಮ್ಮದು ದಕ್ಷಿಣ ಕೊಡಗಿನ ಒಂದು ಸಣ್ಣ ಪದವಿ ಕಾಲೇಜು. ಶ್ರೀಮಂಗಲದ ಕಡೆಯಿಂದ, ತಿತಿಮತಿಯ ಕಡೆಯಿಂದ ಬರುವ ಮಕ್ಕಳಿಗೆ ಕೊನೆಯ ಗಂಟೆ ಹೊಡೆದ ಮೇಲೆ ನಿಲ್ದಾಣಕ್ಕೆ ಓಡುವಷ್ಟೇ ಸಮಯ. ಗ್ರಂಥಾಲಯಕ್ಕೆ ಬಂದು, ಕೇಳಿ, ಹುಡುಕಿ, ಕಲಿಯುವ ವ್ಯವಧಾನ ಅವರಿಗಿಲ್ಲ. ವರ್ಷದ ಆರಂಭದಲ್ಲಿ ಹೊಸಬರನ್ನೆಲ್ಲ ಒಂದು ಕೋಣೆಯಲ್ಲಿ ಕೂರಿಸಿ ನಾನು ಮಾಡುತ್ತಿದ್ದ ಪರಿಚಯ ಭಾಷಣ ಯಾರ ತಲೆಯಲ್ಲೂ ಉಳಿಯುತ್ತಿರಲಿಲ್ಲ. ಮನೆಯಲ್ಲೇ ಕೂತು ಫೋನಿನಿಂದ ತೆರೆಯಬಹುದಾದ ಪುಸ್ತಕಗಳು, ಪತ್ರಿಕೆಗಳು, ಹಳೆಯ ಪ್ರಶ್ನೆಪತ್ರಿಕೆಗಳು ಎಲ್ಲ ಇದ್ದವು. ತೆರೆಯುವುದು ಹೇಗೆಂದು ಗೊತ್ತಿದ್ದವರು ಬೆರಳೆಣಿಕೆಯಷ್ಟು ಜನ. ಆದ್ದರಿಂದ ಒಂದು ವಿಡಿಯೊದಲ್ಲಿ ಒಂದೇ ವಿಷಯ, ಬಸ್ಸು ಕಾಯುವಷ್ಟರಲ್ಲಿ ನೋಡಿ ಮುಗಿಯಬೇಕು ಎಂದು ತೀರ್ಮಾನಿಸಿದೆವು.

ಮೊದಲ ಎರಡನ್ನು ನಾನೇ ಮಾಡಿದೆ. ಕ್ಯಾಮೆರಾದ ಮುಂದೆ ನಾನು ಸುತ್ತೋಲೆ ಓದುವವಳ ಹಾಗೆ ಕಾಣುತ್ತಿದ್ದೆ. ಹುಡುಗರು ಅದನ್ನು ಅರ್ಧಕ್ಕೇ ಬಿಟ್ಟಿದ್ದು ಗ್ರಂಥಾಲಯಕ್ಕೆಂದು ತೆರೆದಿದ್ದ ಚಾನೆಲ್‌ನ ಲೆಕ್ಕದಲ್ಲೇ ಗೊತ್ತಾಯಿತು. ಮೂರನೆಯದಕ್ಕೆ ಸಹಾಯಕಿಯನ್ನು ನಿಲ್ಲಿಸಿದೆ.

ಅವಳು ಮೈಸೂರಿನಲ್ಲಿ ಗ್ರಂಥಾಲಯ ವಿಜ್ಞಾನ ಓದಿ ನಮ್ಮಲ್ಲಿಗೆ ಗುತ್ತಿಗೆಯ ಮೇಲೆ ಬಂದವಳು. ಮನೆ ತಿತಿಮತಿ ಹತ್ತಿರದ ಒಂದು ಎಸ್ಟೇಟಿನ ಲೈನಿನಲ್ಲಿ, ಕೆಲಸಗಾರರ ಸಾಲುಮನೆಗಳಲ್ಲೊಂದು. ತಂದೆ ಇರಲಿಲ್ಲ. ತಾಯಿ ಹುಣಸೂರು ಕಡೆಯಿಂದ ಮದುವೆಯಾಗಿ ಬಂದು ಅದೇ ಎಸ್ಟೇಟಿನಲ್ಲಿ ಕೆಲಸ ಮಾಡಿಕೊಂಡಿದ್ದವರು. ಅಣ್ಣ ಪಿಕಪ್ ಓಡಿಸುತ್ತಿದ್ದ. ಲೈನಿನಲ್ಲಿ ಒಂದು ಮನೆಯವರದು ಮಲಯಾಳ, ಇನ್ನೊಂದು ಮನೆಯವರದು ತಮಿಳು, ಆಚೆಯವರದು ತುಳು. ಎಲ್ಲರಿಗೂ ಅರ್ಥವಾಗುವ ಹಾಗೆ ಮಾತಾಡುವುದು ಅವಳಿಗೆ ಆಡುತ್ತ ಆಡುತ್ತಲೇ ಬಂದಿತ್ತು. ಪುಸ್ತಕದ ಬೆನ್ನಿನ ಮೇಲಿನ ವರ್ಗೀಕರಣ ಸಂಖ್ಯೆಯನ್ನು ನಾನು ವಿವರಿಸಿದರೆ ನನಗೇ ಆಕಳಿಕೆ ಬರುತ್ತಿತ್ತು. ಅವಳು ಅದನ್ನು ಬೆರಳಿನಲ್ಲಿ ತೋರಿಸಿ, “ಇದುಂಟಲ್ಲ, ಇದು ಪುಸ್ತಕದ ಮನೆ ನಂಬರು. ನಾವು ಓದಿ ಆದ್ಮೇಲೆ ಬೇರೆ ಮನೆಗೆ ನುಗ್ಗಿಸಿ ಹೋದ್ರೆ ನಾಳೆ ಬಂದವ್ರಿಗೆ ಅದು ಸಿಗುದೇ ಇಲ್ಲ” ಅಂದಳು. ಆ ವಿಡಿಯೊ ಬಂದ ಮೇಲೆ ಪುಸ್ತಕಗಳನ್ನು ಎಲ್ಲೆಂದರಲ್ಲಿ ತುರುಕುವುದು ಎಷ್ಟೋ ಕಡಿಮೆಯಾಯಿತು.

ಕೆಲಸ ಒಂದು ಹದಕ್ಕೆ ಬಂತು. ಅವಳು ಮಾತು ಬರೆಯುತ್ತಿದ್ದಳು, ನಾನು ತಪ್ಪಿದ್ದರೆ ತಿದ್ದುತ್ತಿದ್ದೆ. ಫೋನಿನ ಪರದೆಯನ್ನೇ ರೆಕಾರ್ಡ್ ಮಾಡಿ, ಎಲ್ಲಿ ಒತ್ತಬೇಕೋ ಅಲ್ಲಿ ಕೆಂಪು ವೃತ್ತ ಹಾಕುತ್ತಿದ್ದೆವು. ಬಸ್ಸಿನಲ್ಲಿ ಸದ್ದಿಲ್ಲದೆ ನೋಡುವವರಿಗಾಗಿ ಕೆಳಗೆ ಅಕ್ಷರಗಳು ಬೇಕಿದ್ದವು. ಯಂತ್ರ ತಾನಾಗಿ ಹಾಕಿಕೊಡುವ ಕನ್ನಡವನ್ನು ನಂಬಿ ಒಮ್ಮೆ ‘ಕಪಾಟು’ ಎಲ್ಲ ‘ಕಪಟ’ವಾಗಿ ಹೋಗಿತ್ತು. ಅಂದಿನಿಂದ ಅವಳೇ ಕೂತು ಟೈಪು ಮಾಡುತ್ತಿದ್ದಳು. ಊರುಗಳಲ್ಲಿ ನೆಟ್‌ವರ್ಕ್ ಎಳೆಯುವುದು ಕಷ್ಟ ಎಂದು ಚಿತ್ರದ ಗುಣಮಟ್ಟ ಇಳಿಸಿ, ಧ್ವನಿಯನ್ನು ಮಾತ್ರ ಚೆನ್ನಾಗಿ ಉಳಿಸಿಕೊಳ್ಳುವುದನ್ನು ಕಲಿತೆವು. ಮಳೆಯಲ್ಲಿ ಕರೆಂಟು ಯಾವಾಗ ಹೋಗುತ್ತದೋ ಹೇಳುವಂತಿಲ್ಲ. ಅದಕ್ಕಾಗಿ ನೆಟ್ ಚೆನ್ನಾಗಿದ್ದ ದಿನ ಒಟ್ಟಿಗೆ ಹಲವನ್ನು ಏರಿಸಿ, ಸೋಮವಾರಕ್ಕೆ ಒಂದರಂತೆ ಬೆಳಿಗ್ಗೆ ಹತ್ತು ಗಂಟೆಗೆ ತಾನಾಗಿ ಹೊರಬೀಳುವ ಹಾಗೆ ಅವಳು ಸಮಯ ಹೊಂದಿಸಿ ಇಡುತ್ತಿದ್ದಳು. ಮುಂದೆ ಎಷ್ಟು ಇಟ್ಟಿದ್ದಾಳೆಂದು ನಾನು ಕೇಳುತ್ತಿರಲಿಲ್ಲ. ಅದು ಅವಳ ಕೆಲಸವಾಗಿತ್ತು, ಅವಳು ಮರೆಯುವವಳಾಗಿರಲಿಲ್ಲ.

ಆಗಸ್ಟ್‌ನ ಒಂದು ಮಧ್ಯಾಹ್ನ ಕಪಾಟುಗಳ ನಡುವೆ ನಿಂತು ಮಾತಾಡುತ್ತಿದ್ದಾಗ ಅವಳಿಗೆ ಮೈ ಬಿಸಿಯಾಗಿತ್ತು. ಕೆಮ್ಮೂ ಇತ್ತು. ಅರ್ಧಕ್ಕೆ ನಿಲ್ಲಿಸಿ ಮನೆಗೆ ಕಳಿಸಿದೆ. ಎಲ್ಲರಿಗೂ ಬರುವ ಮಳೆಗಾಲದ ಜ್ವರ ಎಂದೇ ಅವಳೂ ಅಂದುಕೊಂಡಳು, ನಾನೂ ಅಂದುಕೊಂಡೆ. ಹತ್ತಿರದ ಆಸ್ಪತ್ರೆಯಿಂದ ಮೈಸೂರಿಗೆ ಕರೆದುಕೊಂಡು ಹೋದರು ಎಂದು ಕೇಳಿ ಫೋನು ಮಾಡಿದಾಗ ಅವಳ ಅಣ್ಣ ಇಲಿಜ್ವರ ಅಂತೆ, ಕಿಡ್ನಿಗೆ ತಾಗಿದೆಯಂತೆ ಅಂದ. ನಾಳೆ ನೋಡಲು ಬರುತ್ತೇನೆ ಅಂದೆ. ಮರುದಿನ ನಾನು ಬಸ್ಸಿನಲ್ಲಿರುವಾಗಲೇ ಅವನ ಫೋನು ಬಂತು. ಇಲ್ಲಿಗೆ ಬರಬೇಡಿ, ನಾವೇ ಊರಿಗೆ ತರುತ್ತಿದ್ದೇವೆ ಎಂದಷ್ಟೇ ಹೇಳಿದ.

ಮಣ್ಣು ಮಾಡುವಾಗಲೂ ಮಳೆ. ಲೈನಿನವರೆಲ್ಲ ಬಂದಿದ್ದರು. ತಾಯಿ ಅಳುತ್ತಿರಲಿಲ್ಲ. ಯಾರೋ ಹಿಡಿದ ಕೊಡೆಯನ್ನು ಮತ್ತೆ ಮತ್ತೆ ಪಕ್ಕಕ್ಕೆ ತಳ್ಳುತ್ತಿದ್ದರು.

ಅದಾಗಿ ಬಂದ ಸೋಮವಾರ ಮಳೆ ಹೆಚ್ಚೆಂದು ಜಿಲ್ಲೆಗೆಲ್ಲ ರಜೆ ಕೊಟ್ಟಿದ್ದರು. ನಾನು ಮೂರ್ನಾಡಿನ ಮನೆಯಲ್ಲಿದ್ದೆ. ಹತ್ತು ಗಂಟೆಗೆ ನನ್ನ ಫೋನು ಗುಂಯ್‌ಗುಟ್ಟಿತು. ನಮ್ಮ ಗ್ರಂಥಾಲಯದ ಚಾನೆಲ್‌ನಲ್ಲಿ ಹೊಸ ವಿಡಿಯೊ ಎಂದು ಸೂಚನೆ. ಪಕ್ಕದಲ್ಲಿ ಪುಟ್ಟ ಚಿತ್ರ, ಅದರಲ್ಲಿ ಅವಳು. ನಾನು ಅದನ್ನು ಒತ್ತಲಿಲ್ಲ. ಫೋನನ್ನು ಮಗುಚಿಟ್ಟು ಅಡುಗೆಮನೆಗೆ ಹೋದೆ. ಈ ಸೂಚನೆ ನಮ್ಮ ಅಷ್ಟೂ ವಿದ್ಯಾರ್ಥಿಗಳಿಗೆ ಹೋಗಿರುತ್ತದೆ ಎಂದು ಹೊಳೆಯಲು ಸ್ವಲ್ಪ ಹೊತ್ತು ಹಿಡಿಯಿತು.

ಸಂಜೆಗೆ ಒಬ್ಬ ವಿದ್ಯಾರ್ಥಿನಿ ಫೋನು ಮಾಡಿದಳು. ಅವಳದು ಅದೇ ಲೈನು, ಸಹಾಯಕಿಯ ಪಕ್ಕದ ಮನೆ. ಅಳುತ್ತಲೇ ಹೇಳಿದಳು. ರಜೆಯೆಂದು ಮನೆಯಲ್ಲಿದ್ದಳಂತೆ. ಸೂಚನೆ ನೋಡಿ, ಯಾರೋ ಹಳೆಯದನ್ನು ಹಾಕಿರಬೇಕೆಂದು ಒತ್ತಿದಳಂತೆ. ಲೈನಿನ ಗೋಡೆಗಳು ಮೇಲಿನ ತನಕ ಇಲ್ಲ, ಒಂದು ಮನೆಯ ಮಾತು ಇನ್ನೊಂದು ಮನೆಗೆ ಕೇಳುತ್ತದೆ. ‘ಎಲ್ಲರಿಗೂ ನಮಸ್ಕಾರ, ಊಟ ಆಯ್ತಾ’ ಎಂದು ಸಹಾಯಕಿಯ ಧ್ವನಿ ಕೇಳಿದ್ದೇ ಆಚೆಯಿಂದ ಅವಳ ತಾಯಿ ಓಡಿ ಬಂದರಂತೆ. ಕೋಣೆಯೊಳಗೆಲ್ಲ ನೋಡಿದರಂತೆ. ಆಮೇಲೆ ಇವಳ ಕೈಯಲ್ಲಿದ್ದ ಫೋನನ್ನು ನೋಡಿದರಂತೆ.

“ನಾನು ಆಫ್ ಮಾಡಿದ್ದೆ ಮೇಡಂ,” ಅಂದಳು ಹುಡುಗಿ. “ಅವ್ರು ಹಾಕು ಅಂದ್ರು. ಪೂರ್ತಿ ನೋಡಿದ್ರು. ಎಂತ ಮಾಡುದು ಅಂತ ನಂಗೆ ಗೊತ್ತಾಗ್ಲಿಲ್ಲ.”

ಮರುದಿನ ಕಾಲೇಜಿಗೆ ಹೋದವಳೇ ಉಳಿದ ವಿಡಿಯೊಗಳನ್ನು ನಿಲ್ಲಿಸಲು ನೋಡಿದೆ. ಆಗಲಿಲ್ಲ. ಹಿಂದಿನ ತಿಂಗಳ ಸಿಡಿಲಿಗೆ ಗ್ರಂಥಾಲಯದ ಕಂಪ್ಯೂಟರ್ ಸುಟ್ಟುಹೋಗಿ ಹೊಸದು ಬಂದಿತ್ತು. ಅದರಿಂದ ಚಾನೆಲ್‌ಗೆ ಪ್ರವೇಶಿಸಬೇಕಾದರೆ ಗುಪ್ತಪದದ ಜೊತೆಗೆ ಒಂದು ಸಂಕೇತ ಸಂಖ್ಯೆಯೂ ಬೇಕಿತ್ತು. ಗುಪ್ತಪದ ನನಗೆ ಗೊತ್ತಿತ್ತು. ಸಂಖ್ಯೆ ಬರುವುದು ಖಾತೆ ತೆರೆಯುವಾಗ ಕೊಟ್ಟ ಫೋನಿಗೆ. ಅದು ಅವಳ ಫೋನು.

ಪ್ರಾಂಶುಪಾಲರಿಗೆ ತಿಳಿಸಿದೆ.  ಎಲ್ಲವನ್ನೂ ತೆಗೆದು ಹಾಕಿ, ಬೇರೆ ಯಾರನ್ನಾದರೂ ನಿಲ್ಲಿಸಿ ಹೊಸದಾಗಿ ಮಾಡಿಸಿ, ಮಕ್ಕಳಿಗೂ ಇದು ಒಳ್ಳೆಯದಲ್ಲ ಎಂದರು. ಅವರು ಹೇಳಿದ್ದು ಕಾಳಜಿಯಿಂದಲೇ.

ಆ ಸಂಜೆ ಪಕ್ಕದ ಮನೆಯ ಹುಡುಗಿಯ ಜೊತೆ ಅದೇ ಬಸ್ಸು ಹತ್ತಿ ಲೈನಿಗೆ ಹೋದೆ. ತಾಯಿ ಹೊರಗೆ ಒಲೆ ಹಾಕಿ ನೀರು ಕಾಯಿಸುತ್ತಿದ್ದರು. ಒಳಗೆ ಅಣ್ಣ ಇದ್ದ.  ಚಹಾ ಕುಡಿದು, ಆಸ್ಪತ್ರೆಯ ವಿಷಯ ಮಾತಾಡಿ, ಆಮೇಲೆ ಅವಳ ಫೋನು ಎಲ್ಲಿದೆ ಎಂದು ಕೇಳಿದೆ. ಅಣ್ಣ ಎದ್ದು ದೇವರ ಪಟದ ಪಕ್ಕದಿಂದ ಅದನ್ನು ತಂದು ತಾಯಿಯ ಕೈಗೆ ಕೊಟ್ಟ. ಅದರ ಬೀಗದ ವಿನ್ಯಾಸ ಅವರಿಬ್ಬರಿಗೂ ಗೊತ್ತಿರಲಿಲ್ಲ. ತೆರೆಯಲು ಬಾರದಿದ್ದರೂ ತಾಯಿ ಅದನ್ನು ಪ್ರತಿದಿನ ಚಾರ್ಜಿಗೆ ಹಾಕುತ್ತಿದ್ದರು. ಹಾಗಾಗಿ ಅದು ಬದುಕಿತ್ತು.

ನಾನು ನನ್ನ ಫೋನಿನಿಂದ ಚಾನೆಲ್‌ಗೆ ಪ್ರವೇಶ ಕೇಳಿದೆ. ಅವಳ ಫೋನು ತಾಯಿಯ ಅಂಗೈಯಲ್ಲಿ ನಡುಗಿ ಬೆಳಗಿತು. ಬೀಗ ತೆರೆಯದೆಯೇ ಪರದೆಯ ಮೇಲೆ ಸಂಖ್ಯೆ ಕಾಣಿಸಿತು. ತಾಯಿ ಬೆಚ್ಚಿ ನನ್ನ ಮುಖ ನೋಡಿದರು. ಯಾರು ಮಾಡಿದ್ದು ಎಂದು ಕೇಳಿದರು. ನಾನೇ ಅಮ್ಮ, ಅಂದೆ.

ನಂತರ ಅವರು ಕೇಳಿದಂತೆಲ್ಲ ವಿವರಿಸಿದೆ. ಅವಳು ಮೊದಲೇ ಮಾಡಿಟ್ಟ ವಿಡಿಯೊಗಳು ಸೋಮವಾರ ಸೋಮವಾರ ತಾವಾಗಿಯೇ ಬರುತ್ತವೆ. ಈ ಸಂಖ್ಯೆ ಹಾಕಿದರೆ ನಾನು ಅವನ್ನು ನಿಲ್ಲಿಸಬಹುದು. ಇನ್ನು ನಿಮ್ಮ ಕಿವಿಗೆ ಹಾಗೆ ಬೀಳುವುದಿಲ್ಲ.

“ಇನ್ನ ಎಷ್ಟವೆ?” ಎಂದು ಕೇಳಿದರು.

ಸಂಖ್ಯೆ ಹಾಕಿ ನೋಡಿದೆ. ಐದು ಇದ್ದವು. ಐದನೆಯದರ ಹೆಸರಿನ ಪಕ್ಕದಲ್ಲಿ ‘ಅರ್ಧ’ ಎಂದು ಬರೆದಿದ್ದಳು. ಜ್ವರದ ದಿನ ಮುಗಿಸದೆ ಬಿಟ್ಟದ್ದು. ಪೂರ್ತಿ ಮಾಡಿದ ಮೇಲೆ ಇದನ್ನು ತೆಗೆದು ಹೊಸದನ್ನು ಇಡುವ ಎಂದು, ಹೊರಡುವ ಮೊದಲೇ ತನ್ನ ಫೋನಿನಿಂದ ಏರಿಸಿ ಜಾಗ ಹಿಡಿದಿಟ್ಟಿರಬೇಕು. ಐದು ಎಂದೆ.

“ನಿಲ್ಲಿಸ್ಬ್ಯಾಡಿ,” ಅಂದರು ತಾಯಿ.

ಅಣ್ಣನಿಗೆ ಅದು ಸರಿಬರಲಿಲ್ಲ. ಅವನು ನನಗೆ ಹೇಳುವ ಹಾಗೆ ತಾಯಿಗೆ ಹೇಳಿದ. ಲೈನಿನ ಎಲ್ಲ ಫೋನಿನಲ್ಲೂ ಅವಳು ಮಾತಾಡಿದರೆ ತಾನು ಮನೆಗೆ ಬರುವುದು ಹೇಗೆ, ಬೇರೆಯವರ ಮನೆಯಿಂದ ಅವಳ ದನಿ ಕೇಳಿದರೆ ತನ್ನ ಕೈಕಾಲು ನಿಲ್ಲುವುದಿಲ್ಲ, ಸತ್ತವಳನ್ನು ಹೀಗೆ ವಾರವಾರ ಎಬ್ಬಿಸುವುದು ಯಾಕೆ ಎಂದ. ತಾಯಿ ಅವನ ಮಾತನ್ನು ಪೂರ್ತಿ ಕೇಳಿದರು.

“ಅವ್ಳು ಯಾವತ್ತು ಬರ್ಲಿ ಅಂತ ಇಟ್ಟವ್ಳೋ ಅವತ್ತೇ ಬರ್ಲಿ ಬುಡು,” ಅಂದರು. “ಅವ್ಳು ಏನು ಕೆಲ್ಸ ಮಾಡ್ತಿದ್ಳು ಅಂತ ನಂಗೆ ಗೊತ್ತೇ ಇರ್ನಿಲ್ಲ. ಆವತ್ತೇ ನೋಡಿದ್ದು ನಾನು.”

ಅಣ್ಣ ಎದ್ದು ಹೊರಗೆ ಹೋದ. ಪಿಕಪ್ಪಿನ ಬಾಗಿಲು ಹಾಕಿಕೊಂಡ ಸದ್ದು ಕೇಳಿತು, ಆದರೆ ಗಾಡಿ ಹೊರಡಲಿಲ್ಲ. ಬೇಕಾದರೆ ಉಳಿದ ಐದನ್ನೂ ಈಗಲೇ ತೋರಿಸುತ್ತೇನೆ, ಆಮೇಲೆ ತೆಗೆಯುತ್ತೇನೆ ಎಂದು ತಾಯಿಗೆ ಹೇಳಿದೆ. ಅವರು ತಲೆಯಾಡಿಸಿ ಬೇಡ ಅಂದರು. ನಾನು ಏನನ್ನೂ ಅಳಿಸದೆ ವಾಪಸು ಬಂದೆ. ಪ್ರಾಂಶುಪಾಲರಿಗೆ, ಮನೆಯವರು ಇರಲಿ ಅಂದರು ಎಂದೆ. ಅವರು ಒಪ್ಪಿಕೊಂಡರು.

ಆಮೇಲಿನ ಸೋಮವಾರಗಳನ್ನು ನಾನು ಹೇಗೆ ಕಳೆದೆ ಎಂದು ಬರೆಯುವುದು ಕಷ್ಟ. ಹತ್ತು ಗಂಟೆ ಹತ್ತಿರವಾದಂತೆ ಕೌಂಟರಿನಲ್ಲಿ ಕೂರಲಾಗದೆ ಕಪಾಟುಗಳ ನಡುವೆ ಪುಸ್ತಕ ಜೋಡಿಸುತ್ತಿದ್ದೆ. ಓದುವ ಕೋಣೆಯಲ್ಲಿ ಒಂದಾದ ಮೇಲೊಂದು ಫೋನುಗಳು ಸಣ್ಣಗೆ ಸದ್ದು ಮಾಡುತ್ತಿದ್ದವು. ಹುಡುಗ ಹುಡುಗಿಯರು ಒಬ್ಬರ ಮುಖ ಒಬ್ಬರು ನೋಡಿ, ಆಮೇಲೆ ತಲೆ ತಗ್ಗಿಸಿ ನೋಡುತ್ತಿದ್ದರು. ಯಾರೂ ಸದ್ದು ಜೋರಾಗಿ ಇಡುತ್ತಿರಲಿಲ್ಲ. ವಿಡಿಯೊದ ಕೆಳಗೆ ಮೊದಲಾದರೆ ತಮಾಷೆಯ ಮಾತುಗಳಿರುತ್ತಿದ್ದವು. ಈಗ ಒಬ್ಬ ಹುಡುಗ, ಶ್ರೀಮಂಗಲದ ಆಚೆಯವನು, ಹೀಗೆ ಬರೆದಿದ್ದ: ‘ಅಕ್ಕ, ನೀವು ಹೇಳಿದ ಹಾಗೆ ಮಾಡಿದೆ, ಓಪನ್ ಆಯ್ತು.’ ಚಾನೆಲ್‌ನ ಪರವಾಗಿ ಉತ್ತರ ಕೊಡುವ ಕೆಲಸ ಈಗ ನನ್ನದು.  ಏನನ್ನೂ ಬರೆಯಲಿಲ್ಲ.

ಪಕ್ಕದ ಮನೆಯ ಹುಡುಗಿ ಅಲ್ಲಿನ ವಿಷಯ ಹೇಳುತ್ತಿದ್ದಳು. ಅಣ್ಣನ ಸಂಕಟ ನೋಡಿ ಅವಳು ಇಯರ್‌ಫೋನ್ ಹಾಕಿಕೊಂಡು ನೋಡಲು ಶುರು ಮಾಡಿದ್ದಳಂತೆ. ಎರಡನೆಯ ಸೋಮವಾರ ಗೋಡೆಯಾಚೆಯಿಂದ ಏನೂ ಕೇಳದೆ ತಾಯಿಯೇ ಬಂದು ಬಾಗಿಲಲ್ಲಿ ನಿಂತರಂತೆ. ಬಂದಿಲ್ವಾ ಇವತ್ತು ಎಂದು ಕೇಳಿದರಂತೆ. ಆಮೇಲೆ ಪ್ರತಿ ಸೋಮವಾರ ಕೆಲಸ ಮುಗಿಸಿ ಬಂದು, ಕೈಕಾಲು ತೊಳೆದು, ಇವಳ ಪಕ್ಕ ಚಾಪೆಯಲ್ಲಿ ಕೂರುತ್ತಿದ್ದರು. ಒಂದು ಎಳೆ ಇವಳ ಕಿವಿಗೆ, ಇನ್ನೊಂದು ಎಳೆ ಅವರ ಕಿವಿಗೆ. ಮನೆಯಿಂದ ಇ-ಪುಸ್ತಕ ತೆರೆಯುವುದು ಹೇಗೆ, ಹಳೆಯ ಪ್ರಶ್ನೆಪತ್ರಿಕೆ ಹುಡುಕುವುದು ಹೇಗೆ, ಬೇರೆಯವರ ಬರಹವನ್ನು ಬಳಸಿಕೊಂಡರೆ ಅವರ ಹೆಸರು ಹಾಕುವುದು ಹೇಗೆ. ತಾಯಿಗೆ ಓದು ಬಾರದು. ಒಂದನ್ನೂ ಬಿಡದೆ ಕೇಳಿದರು.

ನಾಲ್ಕು ಮುಗಿದವು. ಅರ್ಧದ್ದು ಉಳಿಯಿತು.

ಬೇಕಾದ ಪುಸ್ತಕ ನಮ್ಮಲ್ಲಿ ಇಲ್ಲದಿದ್ದರೆ ಏನು ಮಾಡಬೇಕು ಎನ್ನುವುದು ಅದರ ವಿಷಯ. ಮೊದಲು ನಮ್ಮ ಪುಸ್ತಕಗಳ ಸೂಚಿಯಲ್ಲಿ ಹೇಗೆ ಹೇಗೆ ಹುಡುಕಿ ಖಚಿತ ಮಾಡಿಕೊಳ್ಳಬೇಕು ಎಂಬಲ್ಲಿಗೆ ಅವಳ ಮಾತು ನಿಂತಿತ್ತು. ಬೇರೆ ಗ್ರಂಥಾಲಯಗಳಲ್ಲಿ ಎಲ್ಲಿದೆ ಎಂದು ನೋಡುವುದು, ಅಲ್ಲಿಂದ ತರಿಸಿಕೊಳ್ಳುವುದು, ಆ ಭಾಗ ಬಾಕಿ. ಹಾಗೇ ಬಿಟ್ಟರೆ ಮಕ್ಕಳಿಗೆ ಉಪಯೋಗವಿಲ್ಲ. ನಿಲ್ಲಿಸಿದರೆ ಲೈನಿನಲ್ಲಿ ಒಬ್ಬರು ಚಾಪೆ ಹಾಕಿಕೊಂಡು ಕಾದಿರುತ್ತಾರೆ.

ಕಂಪ್ಯೂಟರ್ ವಿಭಾಗದ ಉಪನ್ಯಾಸಕರು ಆಗ ಒಂದು ದಾರಿ ಹೇಳಿದರು. ಅವಳ ಹಳೆಯ ವಿಡಿಯೊಗಳ ಧ್ವನಿಯನ್ನು ಒಂದು ತಂತ್ರಾಂಶಕ್ಕೆ ಕೊಟ್ಟರೆ ಅದು ಅವಳ ಹಾಗೆಯೇ ಮಾತಾಡಲು ಕಲಿಯುತ್ತದೆ, ಬಾಕಿ ಭಾಗವನ್ನು ನೀವು ಬರೆದುಕೊಟ್ಟರೆ ಸಾಕು, ಅವಳೇ ಹೇಳಿದ ಹಾಗೆ ಇರುತ್ತದೆ ಎಂದರು. ನಾನು ಹೂಂ ಎನ್ನಲಿಲ್ಲ, ಬೇಡ ಎಂದೂ ಅನ್ನಲಿಲ್ಲ. ನಾಲ್ಕು ದಿನ ಬಿಟ್ಟು ಒಂದು ಮಾದರಿ ಕಳಿಸಿದರು.

ಹಿಂದಿನ ಕೋಣೆಗೆ ಹೋಗಿ ಕೇಳಿದೆ. ‘ಎಲ್ಲರಿಗೂ ನಮಸ್ಕಾರ. ಪುಸ್ತಕ ನಮ್ಮಲ್ಲಿ ಇಲ್ಲ ಅಂತ ಬೇಜಾರು ಮಾಡ್ಬೇಡಿ, ಬೇರೆ ಕಡೆ ಉಂಟು.’ ಅವಳದೇ ಧ್ವನಿ. ‘ಉಂಟು’ ಎನ್ನುವಾಗ ಕೊನೆಯಲ್ಲಿ ಸ್ವಲ್ಪ ಏರುವುದೂ ಹಾಗೆಯೇ. ಅವಳು ಯಾವತ್ತೂ ಆಡಿರದ ಮಾತು. ಸ್ಟೂಲಿನ ಮೇಲೆ ಕೂತೆ. ಮತ್ತೆ ಹಾಕಿದೆ. ಮತ್ತೊಮ್ಮೆ ಹಾಕಿದೆ. ಹೆದರಿಕೆಗಿಂತ ಹೆಚ್ಚಾಗಿ ನನ್ನನ್ನು ಹಿಡಿದದ್ದು ಆಸೆ. ಇದಿದ್ದರೆ ಇದೊಂದೇ ಅಲ್ಲ, ಮುಂದಿನ ಸೋಮವಾರವೂ, ಅದರ ಮುಂದಿನದೂ ಅವಳಿಂದಲೇ ಹೇಳಿಸಬಹುದು. ಮಕ್ಕಳು ಕೇಳುತ್ತಾರೆ. ತಾಯಿಗೆ ಅವಳು ಮುಗಿಯುವುದೇ ಇಲ್ಲ.

ಅದೇ ವಾರ ಅಣ್ಣ ಗ್ರಂಥಾಲಯಕ್ಕೆ ಬಂದ. ಅವನು ಅಲ್ಲಿಗೆ ಬಂದಿದ್ದು ಅದೇ ಮೊದಲು. ತಂಗಿಯ ಮೇಜಿನಲ್ಲಿ ಉಳಿದಿದ್ದ ಕೊಡೆ, ಊಟದ ಡಬ್ಬಿ ಒಯ್ಯಲು ಬಂದಿದ್ದ. ಅವಳು ಎಲ್ಲಿ ನಿಂತು ಮಾತಾಡುತ್ತಿದ್ದಳು ಎಂದು ಕೇಳಿದ. ಕರೆದುಕೊಂಡು ಹೋಗಿ ತೋರಿಸಿದೆ. ಎರಡು ಕಪಾಟುಗಳ ನಡುವೆ ಅವನ ಭುಜ ಹಿಡಿಸುತ್ತಿರಲಿಲ್ಲ, ಓರೆಯಾಗಿ ನಿಂತ. ಇದಿಷ್ಟೇ ಜಾಗವಾ ಅಂದ. ಫೋನಿನಲ್ಲಿ ನೋಡಿದರೆ ದೊಡ್ಡ ಹಾಲಿನ ಹಾಗೆ ಕಾಣುತ್ತದೆ ಅಂದ. ಅವನೂ ನೋಡುತ್ತಿದ್ದಾನೆ ಎಂದು ನನಗೆ ಆಗ ಗೊತ್ತಾಯಿತು.

ಮುಂದಿನದೇ ಕೊನೆಯದಾ ಎಂದು ಕೇಳಿದ. ಹೌದು, ಅದೂ ಅರ್ಧ ಎಂದೆ. ಉಪನ್ಯಾಸಕರು ಹೇಳಿದ್ದನ್ನು ವಿವರಿಸಿದೆ. ಮಾದರಿಯನ್ನು ಕೇಳುತ್ತೀಯಾ, ನಿನಗೆ ಕಷ್ಟವಾದರೆ ಬೇಡ ಅಂದೆ. ಅವನು ಫೋನಿಗಾಗಿ ಕೈ ಚಾಚಿದ. ಗೋಡೆಯ ಕಡೆ ಮುಖ ಮಾಡಿ, ಕಿವಿಗೆ ಒತ್ತಿಕೊಂಡು ಕೇಳಿದ. ಮುಗಿದ ಮೇಲೆ ಫೋನನ್ನು ನನ್ನ ಕೈಗೆ ಕೊಟ್ಟ.

“ಅಮ್ಮಂಗೆ ಇದನ್ನ ಕೇಳಿಸ್ಬೇಡಿ ಮೇಡಂ,” ಅಂದ. “ಅವ್ರು ನಂಬ್ತಾರೆ.”

ಕೊಡೆ, ಡಬ್ಬಿ ಎತ್ತಿಕೊಂಡು, ನಾನೂ ನಂಬ್ತೇನೆ, ಅಂದ.

ಅವನು ಹೋದ ಮೇಲೆ ಉಪನ್ಯಾಸಕರ ಬಳಿ ಹೋಗಿ ಅದನ್ನು ಅಳಿಸಲು ಹೇಳಿದೆ. ಅವರು ಬೇಸರ ಮಾಡಿಕೊಳ್ಳಲಿಲ್ಲ. ನನ್ನೆದುರಿಗೇ ಅಳಿಸಿದರು. ಬಾಕಿ ಅರ್ಧವನ್ನು ನನ್ನ ಧ್ವನಿಯಲ್ಲಿ, ಇದು ನನ್ನ ಧ್ವನಿ ಎಂದು ಎಲ್ಲರಿಗೂ ಗೊತ್ತಾಗುವ ಹಾಗೆಯೇ ಹೇಳುವುದೆಂದು ನಿಶ್ಚಯಿಸಿದೆ.

ಹಾರ್ಡ್‌ಡಿಸ್ಕಿನಿಂದ ಆ ದಿನದ ಮೂಲ ಮುದ್ರಿಕೆಯನ್ನು ತೆಗೆದೆ. ಧ್ವನಿಯಲ್ಲಿ ಮಳೆಯ ಗದ್ದಲ ಸ್ವಲ್ಪ ಇತ್ತು. ಅದನ್ನು ತೆಗೆಯಲು ಒಂದು ಕ್ರಮವಿದೆ. ಯಾರೂ ಮಾತಾಡದ ಒಂದು ತುಣುಕನ್ನು ಆರಿಸಿ ತಂತ್ರಾಂಶಕ್ಕೆ ತೋರಿಸಬೇಕು, ಇದು ಬೇಡದ ಸದ್ದು ಎಂದು. ಅದು ಆ ಸದ್ದನ್ನು ಇಡೀ ಮುದ್ರಿಕೆಯಿಂದ ಕಳೆಯುತ್ತದೆ. ಎಷ್ಟು ಹುಡುಕಿದರೂ ಮಳೆ ಮಾತ್ರ ಇರುವ ತುಣುಕು ಸಿಗಲಿಲ್ಲ. ಮಾತಿಲ್ಲದ ಕಡೆಯಲ್ಲೆಲ್ಲ ಅವಳ ಉಸಿರಿತ್ತು. ಜ್ವರದ ಉಸಿರು, ತುಸು ಎಳೆದ ಹಾಗೆ. ಆ ದಿನ ಎರಡು ಮಾರು ದೂರದಲ್ಲಿ ನಿಂತಿದ್ದ ನನಗೆ ಅದು ಕೇಳಿರಲಿಲ್ಲ. ಪರದೆಯ ಮೇಲೆ ಅದು ಸಣ್ಣ ಸಣ್ಣ ದಿಬ್ಬಗಳ ಸಾಲಿನ ಹಾಗೆ ಕಾಣುತ್ತಿತ್ತು. ಮಳೆಯನ್ನು ಹಾಗೆಯೇ ಬಿಟ್ಟೆ. ಕೆಮ್ಮನ್ನು ಮಾತ್ರ ಕತ್ತರಿಸಿದೆ, ತಾಯಿ ಕೇಳುತ್ತಾರೆಂದು. ಕೊನೆಗೆ ಅವಳು ಕ್ಯಾಮೆರಾದಿಂದ ಮುಖ ತಿರುಗಿಸಿ ನನಗೆ ಹೇಳಿದ ಮಾತಿತ್ತು: “ಸಾಕು ಮೇಡಂ ಇವತ್ತಿಗೆ. ನಾಳೆ ಮಾಡುವ.” ಅದನ್ನು ಕತ್ತರಿಸಿ ಬೇರೆ ಇಟ್ಟುಕೊಂಡೆ. ಅದನ್ನು ಯಾರಿಗೂ ಕೇಳಿಸಿಲ್ಲ.

ಅವಳು ನಿಂತ ಜಾಗದಲ್ಲೇ ನಿಂತು ನನ್ನ ಭಾಗವನ್ನು ಮುದ್ರಿಸಿದೆ. ಮೊದಲ ವಾಕ್ಯವನ್ನೇ ಮುಗಿಸಲಾಗಲಿಲ್ಲ. ಇಲ್ಲಿಂದ ಮುಂದೆ ನಾನು ಹೇಳುತ್ತೇನೆ ಎನ್ನುವುದು ಆ ವಾಕ್ಯ. ನಿಲ್ಲಿಸಿ, ನೀರು ಕುಡಿದು, ಮತ್ತೆ ಶುರು ಮಾಡಿ, ಮತ್ತೆ ನಿಲ್ಲಿಸಿ, ಕೊನೆಗೆ ಒಂದೇ ಉಸಿರಿಗೆ ಹೇಳಿ ಮುಗಿಸಿದೆ. ಅಕ್ಷರಗಳನ್ನು ಟೈಪು ಮಾಡಿದೆ. ಅವಳ ಅರ್ಧವನ್ನೂ ನನ್ನ ಅರ್ಧವನ್ನೂ ಸೇರಿಸಿದೆ. ಶೀರ್ಷಿಕೆಯ ಪಕ್ಕದ ‘ಅರ್ಧ’ ಎಂಬುದನ್ನು ಅಳಿಸಿದೆ.

ಇದು ಕೊನೆಯದೆಂದು ತಾಯಿಗೆ ಮೊದಲೇ ಹೇಳಬೇಕಿತ್ತು. ಅಣ್ಣ ತನ್ನಿಂದಾಗದು ಅಂದಿದ್ದ. ಭಾನುವಾರ ನಾನೇ ಲೈನಿಗೆ ಹೋದೆ. ಮಳೆ ಬಿಟ್ಟು ಬಿಸಿಲು ಬಿದ್ದಿತ್ತು. ತಾಯಿ ಅಂಗಳದಲ್ಲಿ ಬಟ್ಟೆ ಹರವುತ್ತಿದ್ದರು. ಹೇಳಿದೆ. ಅವರು ಕೈಯಲ್ಲಿದ್ದ ಸೀರೆಯನ್ನು ಪೂರ್ತಿ ಹರವಿ, ಅಂಚು ಎಳೆದು ಸರಿ ಮಾಡಿದರು.

“ಐದು ಅಂದಿದ್ರಲ್ಲ,” ಅಂದರು. “ಎಣಿಸ್ಕಂಡೇ ಇದ್ದೆ.”

ಸೋಮವಾರ ಹತ್ತು ಗಂಟೆಗೆ ಅದು ಹೊರಬಿತ್ತು. ಓದುವ ಕೋಣೆಯಲ್ಲಿ ಅವಳ ಮಾತು ಮುಗಿದು ನನ್ನ ಮಾತು ಶುರುವಾದಾಗ ಕೆಲವರು ತಲೆಯೆತ್ತಿ ನನ್ನ ಕಡೆ ನೋಡಿದರು. ಒಬ್ಬ ಹುಡುಗಿ ಎದ್ದು ಹೊರಗೆ ಹೋದಳು. ಉಳಿದವರು ಕೊನೆಯ ತನಕ ನೋಡಿದರು. ಆ ವಾರ ಬೇರೆ ಗ್ರಂಥಾಲಯದಿಂದ ಪುಸ್ತಕ ತರಿಸಿಕೊಡಿ ಎಂದು ಮೂರು ಜನ ಬಂದು ಕೇಳಿದರು. ನಮ್ಮ ಕಾಲೇಜಿನಲ್ಲಿ ಹಾಗೆ ಯಾರೂ ಕೇಳಿದ್ದು ನನಗೆ ನೆನಪಿಲ್ಲ.

ಅದರ ಮುಂದಿನ ಸೋಮವಾರದ್ದು ಪೂರ್ತಿ ನಾನೇ ಮಾಡಿದ್ದು. ಮರುದಿನ ಮಧ್ಯಾಹ್ನ ಗೊತ್ತಿಲ್ಲದ ನಂಬರಿನಿಂದ ಕರೆ ಬಂತು. ಎಸ್ಟೇಟಿನ ಮೇಸ್ತ್ರಿಯ ಫೋನು, ಮಾತಾಡುತ್ತಿದ್ದವರು ತಾಯಿ. ಹಿಂದೆ ಹೆಂಗಸರು ಯಾರನ್ನೋ ಕೂಗಿ ಕರೆಯುವುದು, ಕತ್ತಿಯ ಸದ್ದು ಕೇಳಿಸುತ್ತಿತ್ತು. ಊಟದ ಬಿಡುವಿರಬೇಕು. ಕ್ಷೇಮ ವಿಚಾರಿಸಿದೆ. 

“ನಿನ್ನೆದು ನೋಡ್ದೆ ಮೇಡಮ್ಮ,” ಅಂದರು.

ಅವರು ಇನ್ನೂ ನೋಡುತ್ತಾರೆಂದು ನಾನು ಎಣಿಸಿರಲಿಲ್ಲ. 

“ನೀವು ಬಾಳ ಬೇಗ ಬೇಗ ಹೇಳ್ತೀರಿ. ಮಕ್ಕಳಿಗೆ ಗೊತ್ತಾಗಕಿಲ್ಲ. ಅವ್ಳು ಒಂದು ಹೇಳಿ, ತಡ್ದು, ಆಮ್ಯಾಲೆ ಇನ್ನೊಂದು ಹೇಳ್ತಿದ್ಳು. ವಸಿ ನಿಧಾನಕ್ಕೆ ಹೇಳಿ.”

ಆಗಲಿ ಅಮ್ಮ, ಅಂದೆ. ಅವರು ಫೋನನ್ನು ಮೇಸ್ತ್ರಿಗೆ ಕೊಟ್ಟು ಹೋದರು. ನಾನು ಹಿಂದಿನ ದಿನದ ವಿಡಿಯೊವನ್ನು ಚಾನೆಲ್‌ನಿಂದ ತೆಗೆದೆ. ಮಧ್ಯಾಹ್ನದ ಬೆಲ್ಲು ಹೊಡೆಯುವ ಮೊದಲು ಹಿಂದಿನ ಕೋಣೆಗೆ ಹೋಗಿ, ಅದನ್ನೇ ಮೊದಲಿಂದ ಹೇಳಲು ಶುರು ಮಾಡಿದೆ. ಒಂದು ವಾಕ್ಯ ಹೇಳಿ, ತಡೆದೆ.